ಕಚೇರಿಗಳ ವಲಸೆ ಮತ್ತು ನಮ್ಮ ಕೊಠಡಿ

ಈ ಸಂಚಿಕೆ ಓದುಗರ ಕೈಸೇರುವ ಹೊತ್ತಿಗೆ ವಿಶೇಷ ಮಹಾಸಭೆಯ ಸೂಚನಾಪತ್ರವೂ ಸದಸ್ಯರನ್ನು ತಲುಪಿರುತ್ತದೆ. ಸಭೆಯ ಮುಂದಿರುವ ವಿಷಯ ಒಂದೇ. ಮುಂಬಯಿಯ ಫೋರ್ಟ್ ಪರಿಸರದ ಗಲ್ಲಿಯೊಂದರಲ್ಲಿ, ಎರಡನೆಯ ಮಹಡಿಯ ಮೇಲೆ, ಪಗಡಿ ಪದ್ಧತಿಯಲ್ಲಿ ನಮ್ಮ ಸಂಘ ಹೊಂದಿರುವ 480 ಚದರಡಿಯ ಕೊಠಡಿಯನ್ನು ಏನು ಮಾಡಬೇಕು? ಕಟ್ಟಡವನ್ನು ಕೆಡವಿ ಹೊಸದನ್ನು ಕಟ್ಟಲು ಮುಂದೆ ಬಂದಿರುವ ಬಿಲ್ಡರ್ ಎರಡು ದಾರಿಗಳನ್ನು ತೋರಿಸಿದ್ದಾರೆ. ಇಡುಗಂಟನ್ನು ಪಡೆದು ಹಕ್ಕನ್ನು ಬಿಟ್ಟುಕೊಡುವುದು ಒಂದು. ಹೊಸ ಕಟ್ಟಡ ಏಳುವವರೆಗೆ ಕಾದಿದ್ದು ಅದರಲ್ಲಿ ಅಷ್ಟೇ ಜಾಗವನ್ನು ಪಡೆಯುವುದು ಇನ್ನೊಂದು. ಕಾರ್ಯಕಾರಿ ಸಮಿತಿಯಲ್ಲಿ ಈ ಕುರಿತು ಒಮ್ಮತವಿಲ್ಲ. ಇಲ್ಲಿ ಬರೆಯುತ್ತಿರುವುದು ಸಂಪಾದಕನ ಅಭಿಪ್ರಾಯವೇ ಹೊರತು ಸಮಿತಿಯದಲ್ಲ.

ಹಣವನ್ನು ಪಡೆಯಬೇಕೆನ್ನುವವರ ವಾದ ಹಗುರವಾದದ್ದಲ್ಲ. 'ಫೋರ್ಟ್ ಮುಗಿದ ಕಥೆ. ಕಚೇರಿಗಳೆಲ್ಲ ಬಾಂದ್ರಾ–ಕುರ್ಲಾ ಸಂಕೀರ್ಣಕ್ಕೂ ಪರೇಲಿಗೂ ಪೊವಾಯಿಗೂ ಹೋದವು. ನಮ್ಮ ಸದಸ್ಯರು ಡೊಂಬಿವಲಿ, ಮೀರಾ ರೋಡ್, ನವಿಮುಂಬಯಿಗಳಲ್ಲಿದ್ದಾರೆ. ಸಂಜೆ ಆರರ ಮೇಲೆ ಫೋರ್ಟಿಗೆ ಬರುವವರು ಯಾರು?' ಎಂಬುದು ಅವರ ಪ್ರಶ್ನೆ. ಈ ಪ್ರಶ್ನೆಗೆ ಉತ್ತರಿಸಬೇಕಾದರೆ ಈ ಮಹಾನಗರದ ಕಚೇರಿಗಳು ಏಕೆ ಗುಳೆ ಎದ್ದವು, ಯಾರ ಹಿಂದೆ ಹೋದವು, ಹೋದಾಗ ಯಾರನ್ನು ಬಿಟ್ಟುಹೋದವು ಎಂಬುದನ್ನು ಒಂದಿಷ್ಟು ನೋಡುವುದು ಅಗತ್ಯ.

ಈ ಲೇಖಕ ಕೇಂದ್ರ ಸರ್ಕಾರದ ನೌಕರಿಗೆಂದು ಈ ಊರಿಗೆ ಬಂದದ್ದು 1994ರಲ್ಲಿ. ಆಗ ನರೀಮನ್ ಪಾಯಿಂಟ್ ಎಂದರೆ ಜಗತ್ತಿನ ಅತ್ಯಂತ ದುಬಾರಿ ಕಚೇರಿ ಪ್ರದೇಶಗಳಲ್ಲೊಂದು. ಟೋಕಿಯೊ, ಹಾಂಗ್‌ಕಾಂಗ್‌ಗಳ ಜೊತೆಯಲ್ಲಿ ಅದರ ಹೆಸರು ಕೇಳಿಬರುತ್ತಿತ್ತು. ಸಮುದ್ರವನ್ನು ಹೂಳಿ ಪಡೆದ ಆ ನೆಲದ ಮೇಲೆ 1974ರಲ್ಲಿ ಪೂರ್ಣಗೊಂಡ 23 ಮಹಡಿಗಳ ಏರ್ ಇಂಡಿಯಾ ಕಟ್ಟಡ ಇಡೀ ನಗರದ ಪ್ರತಿಷ್ಠೆಯ ಕುರುಹಾಗಿ ನಿಂತಿತ್ತು. ಅದರ ಮುಂದಿನ ಕಥೆ ಓದುಗರಿಗೆ ತಿಳಿದದ್ದೇ. 2013ರಲ್ಲಿ ಸಂಸ್ಥೆಯ ಮುಖ್ಯ ಕಚೇರಿ ದೆಹಲಿಗೆ ಹೋಯಿತು. 2024ರ ಮಾರ್ಚ್‌ನಲ್ಲಿ 1,601 ಕೋಟಿ ರೂಪಾಯಿಗಳಿಗೆ ಕಟ್ಟಡವನ್ನು ಮಹಾರಾಷ್ಟ್ರ ಸರ್ಕಾರಕ್ಕೆ ಹಸ್ತಾಂತರಿಸಲು ಕೇಂದ್ರ ಒಪ್ಪಿಗೆಯಿತ್ತಿತು.

ಕಚೇರಿಗಳ ಈ ವಲಸೆಗೆ ಹೊಸ ಕಟ್ಟಡಗಳ ಗಾಜಿನ ಥಳಕನ್ನಷ್ಟೇ ಕಾರಣವೆನ್ನುವುದು ರೂಢಿ. ಅದು ಅರ್ಧಸತ್ಯ. ದಲಾಲ್ ಸ್ಟ್ರೀಟಿನ ಷೇರುಪೇಟೆಯಲ್ಲಿ ಕೂಗಿ ವ್ಯಾಪಾರ ಮಾಡುವ ಪದ್ಧತಿ 1995ರಲ್ಲಿ ಗಣಕಯಂತ್ರದ ಪರದೆಗೆ ದಾರಿಬಿಟ್ಟಿತು. ಅಂದಿನಿಂದ ದಲ್ಲಾಳಿಯಾದವನು ಷೇರುಪೇಟೆಯ ನೆರಳಿನಲ್ಲೇ ಇರಬೇಕೆಂಬ ನಿರ್ಬಂಧ ಇಲ್ಲವಾಯಿತು. ಹಿಂದಿನ ವರ್ಷ ವ್ಯವಹಾರವನ್ನು ಆರಂಭಿಸಿದ್ದ ರಾಷ್ಟ್ರೀಯ ಷೇರುಪೇಟೆ ಮೊದಲು ವರಳಿಯಲ್ಲಿದ್ದು ಅನಂತರ ಬಾಂದ್ರಾ–ಕುರ್ಲಾ ಸಂಕೀರ್ಣಕ್ಕೆ ಹೋಯಿತು. ಸೆಬಿಯೂ ಅಲ್ಲಿ ಭವನವನ್ನು ಕಟ್ಟಿಕೊಂಡಿತು. 2010ರಲ್ಲಿ ಭಾರತ್ ಡೈಮಂಡ್ ಬೋರ್ಸ್ ತೆರೆದ ಮೇಲೆ ಆಪೆರಾ ಹೌಸ್ ಪರಿಸರದ ವಜ್ರ ವ್ಯಾಪಾರವೂ ಬಹುಮಟ್ಟಿಗೆ ಅತ್ತ ಸರಿಯಿತು. ಒಬ್ಬ ದೊಡ್ಡವನು ಹೋದರೆ ಅವನ ವಕೀಲ, ಲೆಕ್ಕಿಗ, ಬ್ಯಾಂಕು ಎಲ್ಲ ಹಿಂಬಾಲಿಸುತ್ತವೆ.

ಎರಡನೆಯ ಕಾರಣ ಕಾನೂನು. ಇದು ನಮ್ಮ ಕೊಠಡಿಗೆ ನೇರವಾಗಿ ಸಂಬಂಧಿಸಿದ್ದರಿಂದ ಸ್ವಲ್ಪ ನಿಂತು ಹೇಳಬೇಕಾಗಿದೆ. 1947ರ ಬಾಡಿಗೆ ನಿಯಂತ್ರಣ ಕಾನೂನು ಹಳೆಯ ಬಾಡಿಗೆಯನ್ನು ಹೆಪ್ಪುಗಟ್ಟಿಸಿ ಇಟ್ಟಿತ್ತು. ಬಾಡಿಗೆದಾರನು ಮೊದಲೇ ದೊಡ್ಡ ಮೊತ್ತವನ್ನು ಕೊಟ್ಟು, ಮೇಲೆ ಅತ್ಯಲ್ಪ ಬಾಡಿಗೆಯಲ್ಲಿ ತಲೆಮಾರುಗಳವರೆಗೆ ಇರುವ ಪಗಡಿ ಪದ್ಧತಿ ಬೆಳೆದದ್ದು ಆ ನೆರಳಿನಲ್ಲೇ. ಕರಾವಳಿಯಿಂದ ಬಂದ ನಮ್ಮವರು ಕೈಗೂಡಿಸಿದ ಉಳಿತಾಯವನ್ನೆಲ್ಲ ಸುರಿದು ಹೋಟೆಲುಗಳನ್ನು ಹೂಡಿದ್ದೂ ಇಂಥ ಪಗಡಿ ಜಾಗಗಳಲ್ಲೇ. 1997ರ ಡಿಸೆಂಬರ್‌ನಲ್ಲಿ ಸರ್ವೋಚ್ಚ ನ್ಯಾಯಾಲಯ ಬಾಡಿಗೆಯನ್ನು ಹೀಗೆ ಸ್ಥಗಿತಗೊಳಿಸುವುದು ನ್ಯಾಯಸಮ್ಮತವಲ್ಲವೆಂದು ತೀರ್ಪಿತ್ತಿತು. ಆ ಮೊಕದ್ದಮೆ ಕಾನೂನಿನ ವರದಿಗಳಲ್ಲಿ ದಾಖಲಾಗಿರುವುದು ಮಲ್ಪೆ ವಿಶ್ವನಾಥ ಆಚಾರ್ಯ ಎಂಬ ಹೆಸರಿನಿಂದ ಎಂಬುದನ್ನು ಕಂಡಾಗ ತುಟಿಯ ಮೇಲೆ ನಗೆ ಸುಳಿಯದಿರದು. ಆ ಕಾಲದ ಮುಂಬಯಿಯ ಬಾಡಿಗೆ ಕಾನೂನನ್ನು ಅಲುಗಾಡಿಸಿದ ಹೆಸರಿಗೂ ಉಡುಪಿಯ ಕಡಲ ತಡಿಯೇ ಮೊದಲ ಪದ!

ಅದರ ಬೆನ್ನಿಗೆ ಬಂದ 1999ರ ಮಹಾರಾಷ್ಟ್ರ ಬಾಡಿಗೆ ನಿಯಂತ್ರಣ ಕಾನೂನು 2000ದ ಮಾರ್ಚ್ 31ರಿಂದ ಜಾರಿಗೆ ಬಂತು. ಅದು ಪಗಡಿಯ ಕೊಡುಕೊಳ್ಳುವಿಕೆಗೆ ಕಾನೂನಿನ ಮಾನ್ಯತೆ ನೀಡಿತು. ಆದರೆ ಬ್ಯಾಂಕುಗಳಿಂದಲೂ ಸರ್ಕಾರಿ ಉದ್ದಿಮೆಗಳಿಂದಲೂ ಒಂದು ಕೋಟಿ ರೂಪಾಯಿ ಅಥವಾ ಅದಕ್ಕೂ ಹೆಚ್ಚು ಪಾವತಿಯಾದ ಬಂಡವಾಳವುಳ್ಳ ಕಂಪನಿಗಳಿಂದಲೂ ರಕ್ಷಣೆಯನ್ನು ಕಸಿದುಕೊಂಡಿತು. ಮಾಲೀಕರು ಅಂಥವರಿಂದ ಮಾರುಕಟ್ಟೆಯ ಬಾಡಿಗೆಯನ್ನು ಕೇಳತೊಡಗಿದರು. ಮಾರುಕಟ್ಟೆಯ ಬಾಡಿಗೆಯನ್ನೇ ಕೊಡುವುದಾದರೆ ಲಿಫ್ಟು ನಡುವೆ ನಿಲ್ಲುವ ಹಳೆಯ ಕಟ್ಟಡವೇಕೆ ಎಂದು ಅವರು ಹೊರಟರು. ಸಣ್ಣ ಬಾಡಿಗೆದಾರರು ಉಳಿದರು. ಅಂದರೆ ಫೋರ್ಟ್‌ನಲ್ಲಿ ಊಟ ಬಡಿಸುವವನಿಗೆ ರಕ್ಷಣೆ ಉಳಿಯಿತು, ಉಣ್ಣುವವನು ಎದ್ದುಹೋದ.

ಹೋದವರಲ್ಲಿ ಅನೇಕರು ಸೇರಿದ್ದು ಪರೇಲಿನ ಗಿರಣಿ ನೆಲವನ್ನು. 58 ಗಿರಣಿಗಳು, ಸುಮಾರು 600 ಎಕರೆ ನೆಲ. 1982ರ ಜನವರಿಯಲ್ಲಿ ಡಾ. ದತ್ತಾ ಸಾಮಂತರ ನೇತೃತ್ವದಲ್ಲಿ ಆರಂಭವಾದ, ಸುಮಾರು ಎರಡೂವರೆ ಲಕ್ಷ ಕಾರ್ಮಿಕರ ಮುಷ್ಕರದ ನಂತರ ಆ ಚಿಮಣಿಗಳು ಒಂದೊಂದಾಗಿ ಆರಿದವು. 1991ರ ನಿಯಮದಂತೆ ಗಿರಣಿಯ ಜಮೀನು ಮೂರು ಪಾಲಾಗಿ, ಒಂದು ಪಾಲು ನಗರಪಾಲಿಕೆಯ ತೆರವು ಜಾಗಕ್ಕೆ, ಒಂದು ಬಡವರ ಮನೆಗಳಿಗೆ, ಒಂದು ಮಾಲೀಕನಿಗೆ ಸೇರಬೇಕಿತ್ತು. 2001ರ ತಿದ್ದುಪಡಿ 'ಖಾಲಿ ಇರುವ ಜಮೀನು ಮಾತ್ರ' ಎಂಬ ಅರ್ಥ ಕೊಟ್ಟು ಆ ಹಂಚಿಕೆಯನ್ನು ಬಡಕಲಾಗಿಸಿತು. ಉಚ್ಚ ನ್ಯಾಯಾಲಯ 2005ರಲ್ಲಿ ಒಪ್ಪದಿದ್ದರೂ ಸರ್ವೋಚ್ಚ ನ್ಯಾಯಾಲಯ 2006ರಲ್ಲಿ ಎತ್ತಿಹಿಡಿಯಿತು. ಗಿರಣಿಯೆಂದರೆ ಬಹುಭಾಗ ಕಟ್ಟಡವೇ; ಖಾಲಿ ಜಾಗ ಎಷ್ಟಿದ್ದೀತು? 2005ರಲ್ಲಿ ರಾಷ್ಟ್ರೀಯ ಜವಳಿ ನಿಗಮದ ಒಂದೇ ಗಿರಣಿ 702 ಕೋಟಿ ರೂಪಾಯಿಗಳಿಗೆ ಹರಾಜಾದುದನ್ನು ನೆನೆದರೆ ತಿದ್ದುಪಡಿಯ ಬೆಲೆ ಅರ್ಥವಾಗುತ್ತದೆ. ಫೀನಿಕ್ಸ್ ಗಿರಣಿ ಮಾಲ್ ಆಯಿತು, ಕಮಲಾ ಗಿರಣಿ ಕಚೇರಿಗಳೂ ಪಾನಗೃಹಗಳೂ ತುಂಬಿದ ಆವರಣವಾಯಿತು.

ಗಿರಣಿಗೆ ನಡೆದು ಬರುತ್ತಿದ್ದವನು ಪಕ್ಕದ ಚಾಳಿನವನು. ಕಚೇರಿಗೆ ಬರುವವನು ವಿರಾರಿನಿಂದ, ಕಲ್ಯಾಣದಿಂದ ರೈಲಿನಲ್ಲಿ ಬರುವವನು. ನೆಲದ ಬೆಲೆ ನೂರು ಮಡಿಯಾದರೂ ನಿಲ್ದಾಣದ ಮೇಲ್ಸೇತುವೆ ಅಷ್ಟೇ ಅಗಲ ಉಳಿಯಿತು. 2017ರ ಸೆಪ್ಟೆಂಬರ್ 29ರ ಬೆಳಿಗ್ಗೆ, ಮಳೆ ಸುರಿಯುತ್ತಿದ್ದಾಗ, ಎಲ್ಫಿನ್‌ಸ್ಟನ್ ರೋಡ್ ನಿಲ್ದಾಣದ ಸೇತುವೆಯ ಮೇಲೆ ಕಾಲ್ತುಳಿತಕ್ಕೆ ಸಿಕ್ಕಿ 23 ಜನ ಸತ್ತರು. ಸರಿಯಾಗಿ ಮೂರು ತಿಂಗಳಿಗೆ, ಡಿಸೆಂಬರ್ 29ರಂದು, ಕಮಲಾ ಗಿರಣಿ ಆವರಣದ ಬೆಂಕಿಯಲ್ಲಿ 14 ಮಂದಿ. ಕಚೇರಿ ಬಾಡಿಗೆಯ ತ್ರೈಮಾಸಿಕ ವರದಿಗಳಲ್ಲಿ 'ಬೇಡಿಕೆ', 'ಪೂರೈಕೆ', 'ಖಾಲಿ ಪ್ರಮಾಣ' ಎಂಬ ಮೂರು ಕಾಲಮುಗಳಿರುತ್ತವೆ. ಆ ಕಚೇರಿಗೆ ಪ್ರತಿದಿನ ನಡೆದು ಬರುವವನಿಗೆ ಅಲ್ಲಿ ಕಾಲಮು ಇಲ್ಲ.

ಈಗಿನ ಸ್ಥಿತಿಯನ್ನು ನೋಡೋಣ. 2020ರ ಮಹಾಮಾರಿಯಲ್ಲಿ ಗಾಜಿನ ಗೋಪುರಗಳೆಲ್ಲ ಬರಿದಾದಾಗ ಕಚೇರಿಯೆಂಬ ಸಂಸ್ಥೆಯೇ ಸತ್ತಿತೆಂದು ಬರೆದವರಿದ್ದರು. ಈ ಪತ್ರಿಕೆಯ ಪುಟಗಳಲ್ಲೂ ಅಂಥ ಮಾತು ಬಂದಿತ್ತು. ಆ ಮಾತು ತಪ್ಪಾಯಿತು. 2024ರಲ್ಲಿ ದೇಶದ ದೊಡ್ಡ ನಗರಗಳಲ್ಲಿ ಏಳು ಕೋಟಿ ಚದರಡಿಗೂ ಮೀರಿ ಕಚೇರಿ ಸ್ಥಳ ಬಾಡಿಗೆಗೆ ಹೋಯಿತು, ಅದರಲ್ಲಿ ದೊಡ್ಡ ಪಾಲು ಬೆಂಗಳೂರಿನದು. ವಿದೇಶೀ ಕಂಪನಿಗಳು ತಮ್ಮ ಕೆಲಸವನ್ನು ತಾವೇ ಇಲ್ಲಿ ನಡೆಸಲು ತೆರೆದಿರುವ ಕೇಂದ್ರಗಳು ದೇಶದಲ್ಲಿ 1,700ಕ್ಕೂ ಹೆಚ್ಚಿದ್ದು, ಅವುಗಳಲ್ಲಿ ದೊಡ್ಡ ಪಾಲು ಬೆಂಗಳೂರಿನಲ್ಲೇ ಇದೆ. ಗೋದಾಮುಗಳ ವಿಷಯವೂ ಇದೇ. 2017ರ ಜುಲೈನಲ್ಲಿ ಜಿಎಸ್‌ಟಿ ಬಂದ ಮೇಲೆ ತೆರಿಗೆಯ ಸಲುವಾಗಿ ರಾಜ್ಯಕ್ಕೊಂದು ಡಿಪೊ ಇಡುವ ಅಗತ್ಯ ತಪ್ಪಿ, ಮಗ್ಗದ ಊರಾದ ಭಿವಂಡಿಯ ಸುತ್ತ ಭಾರಿ ಉಗ್ರಾಣಗಳು ಎದ್ದವು. ನವಿಮುಂಬಯಿಯಲ್ಲಿ ಏಳುತ್ತಿರುವ ಡೇಟಾ ಕೇಂದ್ರಗಳ ಬಗ್ಗೆ ಹೇಳುವುದಾದರೆ, ಅಲ್ಲಿ ಯಂತ್ರಗಳಿಗೆ ತಂಪು ಬೇಕು, ಊಟ ಬೇಡ. ನಮ್ಮವರ ಉದ್ಯಮಕ್ಕೆ ಅದರಿಂದ ಒಂದು ಲೋಟ ಕಾಫಿಯ ವ್ಯಾಪಾರವೂ ಇಲ್ಲ.

ಇನ್ನೊಂದು ಹೊಸ ಬಗೆ, ಕಚೇರಿ ಕಟ್ಟಡದ ಬಾಡಿಗೆಯನ್ನು ಷೇರಿನಂತೆ ಹಂಚಿ ಮಾರುವ 'ರೀಟ್' ಎಂಬ ನ್ಯಾಸ. ಸೆಬಿ ನಿಯಮಗಳನ್ನು ರೂಪಿಸಿದ್ದು 2014ರಲ್ಲಿ; ಮೊದಲನೆಯದಾಗಿ ಬೆಂಗಳೂರು ಮೂಲದ ಎಂಬೆಸಿ ಆಫೀಸ್ ಪಾರ್ಕ್ಸ್ 2019ರ ಏಪ್ರಿಲ್‌ನಲ್ಲಿ ಷೇರುಪೇಟೆಗೆ ಬಂದಿತು. ಹಂಚಿಕೆಗೆ ಲಭ್ಯವಾದ ಹಣದಲ್ಲಿ ಶೇಕಡಾ 90ರಷ್ಟನ್ನು ಪಾಲುದಾರರಿಗೆ ಕೊಡಲೇಬೇಕೆಂಬುದು ನಿಯಮ. ಸಮಿತಿಯ ಕಿರಿಯ ಸದಸ್ಯರೊಬ್ಬರ ಸಲಹೆ ಇದರ ಮೇಲೆಯೇ ನಿಂತಿದೆ: ಬಿಲ್ಡರ್ ಕೊಡುವ ಹಣವನ್ನು ರೀಟ್‌ನಲ್ಲಿ ಹೂಡಿದರೆ ವರ್ಷವರ್ಷವೂ ಬರುವ ಆದಾಯದಲ್ಲಿ ಸಭಾಗೃಹವನ್ನು ಬಾಡಿಗೆಗೆ ಪಡೆದು ಕಾರ್ಯಕ್ರಮ ನಡೆಸಬಹುದು. ಊರು ಬಿಟ್ಟು ಬಂದವರು ಮುಂಬಯಿಯ ಕೊಠಡಿಯನ್ನು ಮಾರಿ ಬೆಂಗಳೂರಿನ ಕಚೇರಿಗಳ ಪಾಲುದಾರರಾಗುವ ಈ ಯೋಜನೆಯಲ್ಲಿ ಒಂದು ಸೊಗಸಿದೆ. ಆದರೆ ಸಾರ್ವಜನಿಕ ನ್ಯಾಸದ ಹಣವನ್ನು ಬೇಕೆಂದಲ್ಲಿ ತೊಡಗಿಸಲು ಕಾನೂನು ಬಿಡುವುದಿಲ್ಲವೆಂದು ಕೋಶಾಧ್ಯಕ್ಷರು ನೆನಪಿಸಿದರು. ಆಸ್ತಿಯ ಹಕ್ಕನ್ನು ಬಿಟ್ಟುಕೊಡುವುದಕ್ಕೆ 1950ರ ಕಾನೂನಿನಂತೆ ಚ್ಯಾರಿಟಿ ಕಮಿಷನರರ ಅನುಮತಿಯ ಪ್ರಶ್ನೆಯೂ ಇದೆ.

ಕಾನೂನು ಬಿಟ್ಟರೂ ನಮ್ಮ ಆಕ್ಷೇಪ ಉಳಿಯುತ್ತದೆ. ನಮ್ಮ ಕೊಠಡಿಯ ಉಪಯೋಗವನ್ನು ಶೇಕಡಾವಾರು ಆದಾಯದಲ್ಲಿ ಅಳೆಯುವುದು ಹೇಗೆ? ಈ ಊರಿಗೆ ಬಂದ ಹೊಸತರಲ್ಲಿ ಲೇಖಕ ಕಚೇರಿ ಬಿಟ್ಟೊಡನೆ ಅಲ್ಲಿಗೆ ಹೋಗುತ್ತಿದ್ದುದು ಊರಿನಿಂದ ಅಂಚೆಯಲ್ಲಿ ಬರುತ್ತಿದ್ದ ದಿನಪತ್ರಿಕೆಯನ್ನು ಓದುವುದಕ್ಕೆ. ಎಂಟು ಗಂಟೆಯ ನಂತರ ಅದೇ ಮೇಜಿನ ಸುತ್ತ ಹೋಟೆಲ್ ಹುಡುಗರು ಕುಳಿತು, ರಾತ್ರಿಶಾಲೆಯ ಗಣಿತದ ಪಾಠವನ್ನು ಬ್ಯಾಂಕಿನ ಗುಮಾಸ್ತರೊಬ್ಬರಿಂದ ಮತ್ತೊಮ್ಮೆ ಹೇಳಿಸಿಕೊಳ್ಳುತ್ತಿದ್ದರು. ಹಗಲು ತಟ್ಟೆ ತೊಳೆದ ಕೈಗಳ ಬೆರಳ ತುದಿ ನೆನೆದು ಸುಕ್ಕುಗಟ್ಟಿರುತ್ತಿತ್ತು. ಅವರಲ್ಲಿ ಒಬ್ಬರು ಇಂದು ಲೆಕ್ಕಪರಿಶೋಧಕರು. ಸಂಘದ ಲೆಕ್ಕವನ್ನು ಸಂಭಾವನೆಯಿಲ್ಲದೆ ನೋಡುತ್ತಿದ್ದಾರೆ. ಅದು ಸಾಧ್ಯವಾದದ್ದು ಹೋಟೆಲು, ಶಾಲೆ, ಕೊಠಡಿ ಮೂರೂ ಐದು ನಿಮಿಷದ ನಡಿಗೆಯಲ್ಲಿ ಇದ್ದುದರಿಂದ. ಕಚೇರಿಗಳು ಹೋದವು, ಹೋಟೆಲುಗಳಲ್ಲಿ ಎಷ್ಟೋ ಬಾಗಿಲು ಮುಚ್ಚಿದವು, ಮಾಲುಗಳ ಬಾಡಿಗೆಯನ್ನು ಕೊಟ್ಟು ಇಡ್ಲಿ ಮಾರುವ ಎದೆಗಾರಿಕೆ ಎಲ್ಲರಿಗೂ ಇರಲಿಲ್ಲ. ಶಾಲೆಗೆ ಮಕ್ಕಳು ಕಡಿಮೆಯಾದರು. ಇದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ.

ಹಾಗಾದರೆ ಫೋರ್ಟ್ ಮುಗಿದ ಕಥೆಯೇ? ನಮಗೆ ಹಾಗೆನಿಸುವುದಿಲ್ಲ. 2025ರ ಅಕ್ಟೋಬರ್‌ನಲ್ಲಿ ಮೆಟ್ರೊ ಮೂರನೆಯ ಮಾರ್ಗ ಕಫ್ ಪರೇಡಿನವರೆಗೆ ಪೂರ್ಣಗೊಂಡು, ಬಾಂದ್ರಾ–ಕುರ್ಲಾ ಸಂಕೀರ್ಣವನ್ನೂ ವರಳಿಯನ್ನೂ ಫೋರ್ಟನ್ನೂ ಒಂದೇ ಸುರಂಗದಲ್ಲಿ ಪೋಣಿಸಿತು. ಅದೇ ವರ್ಷ ರಿಸರ್ವ್ ಬ್ಯಾಂಕು ನರೀಮನ್ ಪಾಯಿಂಟ್‌ನಲ್ಲಿ ಸುಮಾರು ನಾಲ್ಕು ಎಕರೆ ನೆಲಕ್ಕೆ 3,472 ಕೋಟಿ ರೂಪಾಯಿಗಳನ್ನು ಕೊಟ್ಟಿತು. ಈ ನೆಲಕ್ಕೆ ಭವಿಷ್ಯವಿಲ್ಲವೆಂದು ರಿಸರ್ವ್ ಬ್ಯಾಂಕಿಗೆ ತೋರಿಲ್ಲ. ನಮ್ಮ ಬಿಲ್ಡರಿಗೂ ತೋರಿಲ್ಲ. ತೋರಿದ್ದರೆ ಅವರು ನಮ್ಮ ಬಾಗಿಲಿಗೆ ಬರುತ್ತಿರಲಿಲ್ಲ.

ಆದುದರಿಂದ ನಮ್ಮ ಮತ ಎರಡನೆಯ ದಾರಿಗೆ: ಹಣ ಬೇಡ, ಜಾಗ ಬೇಕು. ಆದರೆ ಕಣ್ಣು ತೆರೆದುಕೊಂಡೇ. ಸೆಸ್ ಕಟ್ಟಡಗಳ ಪುನರ್ನಿರ್ಮಾಣದ ನಿಯಮದಲ್ಲಿ ವಾಸದ ಬಾಡಿಗೆದಾರನಿಗೆ ಎಷ್ಟೇ ಚಿಕ್ಕ ಖೋಲಿಯಿದ್ದರೂ ಕನಿಷ್ಠ 300 ಚದರಡಿ ದೊರೆಯುತ್ತದೆ. ವಾಸೇತರ ಬಾಡಿಗೆದಾರನಿಗೆ ಇದ್ದಷ್ಟೇ. ಅಂದರೆ ಇಂದು ಅಳತೆಯ ಪತ್ರದಲ್ಲಿ ಬರೆದುದೇ ನಾಳೆ ಸಿಗುವುದು. ನಮ್ಮ ಹಳೆಯ ಬಾಡಿಗೆ ರಸೀದಿಗಳಲ್ಲಿ ಕೊಠಡಿಯ ಸಂಖ್ಯೆ ಇದೆ, ವಿಸ್ತೀರ್ಣವಿಲ್ಲ. ರಸೀದಿ ಇರುವುದೂ ಸಂಘದ ಹೆಸರಿನಲ್ಲಲ್ಲ, ಎಂದೋ ತೀರಿಹೋದ ಅಧ್ಯಕ್ಷರೊಬ್ಬರ ಹೆಸರಿನಲ್ಲಿ. ಹಿರಿಯರು ನಂಬಿಕೆಯಿಂದ ನಡೆದರು, ಅವರನ್ನು ದೂರುವಂತಿಲ್ಲ. ಆದರೆ ಆ ರಸೀದಿ ಸಂಘದ ಹೆಸರಿಗೆ ಬಾರದೆ, ಅಳತೆ ದಾಖಲಾಗದೆ, ನೋಂದಾಯಿತ ಕರಾರು ಕೈಗೆ ಬಾರದೆ, ಕಟ್ಟಡ ನಿಲ್ಲುವವರೆಗಿನ ತಾತ್ಕಾಲಿಕ ಜಾಗದ ಬಾಡಿಗೆಗೆ ಖಾತರಿ ಸಿಗದೆ ಬೀಗದ ಕೈಯನ್ನು ಯಾರಿಗೂ ಕೊಡಬಾರದು.

ಹಳೆಯ ರಸೀದಿಗಳಾಗಲಿ, ಪಗಡಿಯ ಹಣ ಕೊಟ್ಟ ಕಾಲದ ಪತ್ರವಾಗಲಿ, ಸಭೆಯ ಛಾಯಾಚಿತ್ರವಾಗಲಿ ಯಾರ ಮನೆಯ ಕಪಾಟಿನಲ್ಲಾದರೂ ಇದ್ದರೆ ಮಹಾಸಭೆಗೆ ಮುನ್ನ ಕಾರ್ಯದರ್ಶಿಗಳಿಗೆ ತಲುಪಿಸಬೇಕೆಂದು ಕೋರುತ್ತೇವೆ. ಕೊಠಡಿ ಎಂದಿನಂತೆ ಸಂಜೆ ಆರರಿಂದ ಒಂಬತ್ತರವರೆಗೆ ತೆರೆದಿರುತ್ತದೆ.