ಕಾಮಾಲೆಯ ರೋಗಿಗೆ ಮೊದಲ ಚಿತ್ರ ಎಂದು?

ಕಣ್ಣಿನ ಬಿಳಿಯು ಹಳದಿಗೆ ತಿರುಗಿದೊಡನೆ ನಮ್ಮ ನಾಡಿನ ಮನೆಗಳಲ್ಲಿ ಮೊದಲು ಆರಂಭವಾಗುವುದು ಎಣ್ಣೆ ತುಪ್ಪಗಳ ಪಥ್ಯ. ಆಮೇಲೆ ಕಾಮಾಲೆಗೆ ಸೊಪ್ಪಿನ ರಸ ಕೊಡುವವರು ಯಾವ ಊರಿನಲ್ಲಿದ್ದಾರೆಂಬ ವಿಚಾರಣೆ. ಅಲ್ಲಿಯೂ ಗುಣ ಕಾಣದೆ ವಾರಗಳು ಕಳೆದ ಮೇಲೆ ದೊಡ್ಡ ಆಸ್ಪತ್ರೆ. ಈ ಕ್ರಮವು ಇಷ್ಟು ಕಾಲ ಉಳಿದುಬಂದುದಕ್ಕೆ ಕಾರಣವಿಲ್ಲದಿಲ್ಲ. ಕಲುಷಿತ ಜಲಾಹಾರಗಳಿಂದ ಹರಡುವ ಹೆಪಟೈಟಿಸ್ ‘ಎ’ ಮತ್ತು ‘ಇ’ ವೈರಾಣುಗಳಿಂದ ಉಂಟಾಗುವ ಕಾಮಾಲೆಯು ಬಹುಮಂದಿಯಲ್ಲಿ ಕೆಲವು ವಾರಗಳೊಳಗೆ ತಾನಾಗಿಯೇ ಇಳಿಯುವುದರಿಂದ, ಆ ಅವಧಿಯಲ್ಲಿ ಏನನ್ನು ಕುಡಿಸಿದರೂ ಕೀರ್ತಿಯು ಅದಕ್ಕೇ ಸಲ್ಲುತ್ತದೆ. ಆದರೆ ಕಾಮಾಲೆಯಲ್ಲಿ ಇನ್ನೊಂದು ಜಾತಿಯುಂಟು. ಪಿತ್ತಕೋಶದಿಂದ ಜಾರಿದ ಕಲ್ಲು ಪಿತ್ತನಾಳದಲ್ಲಿ ಸಿಕ್ಕಿಕೊಂಡೋ, ಮೇದೋಜೀರಕ ಗ್ರಂಥಿಯ ತಲೆಯಲ್ಲಿ ಬೆಳೆದ ಗೆಡ್ಡೆಯು ನಾಳವನ್ನು ಒತ್ತಿಯೋ, ಯಕೃತ್ತಿನಲ್ಲಿ ಹುಟ್ಟಿದ ಪಿತ್ತರಸವು ಕರುಳಿಗೆ ಇಳಿಯಲಾರದೆ ರಕ್ತಕ್ಕೆ ಹಿಂದಿರುಗುವ ಈ ಅವರೋಧದ ಕಾಮಾಲೆಯು ಸೊಪ್ಪಿನಿಂದ ಇಳಿಯದು, ಪಥ್ಯದಿಂದಲೂ ಇಳಿಯದು. ಕಟ್ಟಿದ ನಾಳದಲ್ಲಿ ಸೋಂಕು ಸೇರಿತೆಂದರೆ ಚಳಿಜ್ವರದೊಡನೆ ಕೆಲವೇ ದಿನಗಳಲ್ಲಿ ಪ್ರಾಣಕ್ಕೆ ಎರವಾಗಬಲ್ಲುದು. ಎರಡು ಕಾಮಾಲೆಗಳಲ್ಲಿಯೂ ಕಣ್ಣಿನ ಬಣ್ಣ ಒಂದೇ. ಮೈ ತುರಿಕೆ, ಬಿಳಿಚಿದ ಮಲ ಮುಂತಾದ ಚಿಹ್ನೆಗಳು ಸೂಚನೆಯನ್ನು ಕೊಡುತ್ತವೆ, ರಕ್ತಪರೀಕ್ಷೆಯು ಊಹೆಯನ್ನು ಬಲಪಡಿಸುತ್ತದೆ. ದಾರಿ ಕಟ್ಟಿದೆಯೇ, ಕಟ್ಟಿದ್ದರೆ ಎಲ್ಲಿ ಎಂಬುದನ್ನು ಹೇಳಬಲ್ಲುದು ಚಿತ್ರವೊಂದೇ. ಆ ಚಿತ್ರವು ರೋಗದ ಮೊದಲ ವಾರದಲ್ಲಿ, ರೋಗಿಯ ಊರಿಗೆ ಸಮೀಪದಲ್ಲಿ, ನೋಡಬಲ್ಲ ಕಣ್ಣಿನ ಮುಂದೆ ಮೂಡಬೇಕೆಂಬುದು ಈ ಲೇಖನದ ಒತ್ತಾಯ.

ಈ ಅಂಗಗಳು ಬಹುಕಾಲ ಚಿತ್ರಕ್ಕೆ ಸಿಕ್ಕದೆ ಉಳಿದವು. 1895ರಲ್ಲಿ ರಾಂಟ್ಜನ್ ಕಂಡುಹಿಡಿದ ಕ್ಷಕಿರಣಕ್ಕೆ ಎಲುಬು ಕಂಡಿತೇ ಹೊರತು ಪಿತ್ತಕೋಶವು ಕಾಣಲಿಲ್ಲ. ಪಿತ್ತದ ಕಲ್ಲುಗಳಲ್ಲಿಯೂ ಕ್ಷಕಿರಣದಲ್ಲಿ ಗೋಚರವಾಗುವಷ್ಟು ಸುಣ್ಣದಂಶವುಳ್ಳವು ನೂರರಲ್ಲಿ 10ರಿಂದ 15 ಮಾತ್ರ. ಅಮೆರಿಕದ ಸೇಂಟ್ ಲೂಯಿಸ್ ನಗರದ ವಾಷಿಂಗ್ಟನ್ ವಿಶ್ವವಿದ್ಯಾನಿಲಯದ ಶಸ್ತ್ರವೈದ್ಯ ಎವಾರ್ಟ್ಸ್ ಗ್ರಹಾಂ ಮತ್ತು ಅವರ ಕಿರಿಯ ಸಹೋದ್ಯೋಗಿ ವಾರನ್ ಕೋಲ್, ಯಕೃತ್ತು ತಾನೇ ಹೀರಿ ಪಿತ್ತದೊಡನೆ ಹೊರಹಾಕುವಂತಹ ದ್ರವ್ಯಕ್ಕೆ ಕ್ಷಕಿರಣವನ್ನು ತಡೆಯುವ ಬ್ರೋಮಿನನ್ನು ಸೇರಿಸಿ ನಾಯಿಗಳಿಗೆ ಚುಚ್ಚಿ ಪರೀಕ್ಷಿಸುತ್ತಿದ್ದಾಗ, ಹಲವು ನಾಯಿಗಳಲ್ಲಿ ಏನೂ ಮೂಡದೆ ಒಂದರಲ್ಲಿ ಮಾತ್ರ ಪಿತ್ತಕೋಶದ ನೆರಳು ಸ್ಪಷ್ಟವಾಗಿ ಮೂಡಿತು. ವಿಚಾರಿಸಿದರೆ, ಆ ದಿನ ಆಳು ಆ ನಾಯಿಗೆ ಆಹಾರವನ್ನೇ ಹಾಕಿರಲಿಲ್ಲ. ಉಂಡೊಡನೆ ಪಿತ್ತಕೋಶವು ಸಂಕೋಚಿಸಿ ತನ್ನಲ್ಲಿದ್ದುದನ್ನು ಕರುಳಿಗೆ ಸುರಿಯುತ್ತದೆ. ಉಪವಾಸದಲ್ಲಿ ಅದು ತುಂಬಿ, ನೀರಿನಂಶವನ್ನು ಹೀರಿ, ದ್ರವ್ಯವನ್ನು ಸಾಂದ್ರಗೊಳಿಸುತ್ತದೆ. 1924ರಲ್ಲಿ ಪ್ರಕಟವಾದ ಆ ವಿಧಾನವು ಅರ್ಧ ಶತಮಾನ ವೈದ್ಯಲೋಕವನ್ನಾಳಿ ಮರೆಯಾಯಿತು. ಆದರೆ ಇಂದಿಗೂ ಸ್ಕ್ಯಾನಿಂಗಿಗೆ ಬರುವವರಿಗೆ ಆರೆಂಟು ಗಂಟೆ ಏನೂ ತಿನ್ನದೆ ಬನ್ನಿರೆಂದು ಹೇಳುವುದರ ಹಿಂದೆ ಇರುವುದು ಇದೇ ತತ್ತ್ವ. ಕಾಫಿ ಕುಡಿದು ಬಂದವರ ಪಿತ್ತಕೋಶವು ಮುದುಡಿಕೊಂಡು, ಒಳಗಿರುವ ಕಲ್ಲೂ ಕಣ್ತಪ್ಪಬಹುದು. ಈ ಕಾರಣವನ್ನು ಎರಡು ಮಾತಿನಲ್ಲಿ ತಿಳಿಸಿದರೆ ರೋಗಿಗಳು ನಿಯಮವನ್ನು ಶ್ರದ್ಧೆಯಿಂದ ಪಾಲಿಸುತ್ತಾರೆ. ನಮ್ಮ ಆಸ್ಪತ್ರೆಗಳಲ್ಲಿ ಅದನ್ನು ತಿಳಿಸುವ ಪರಿಪಾಠ ಕಡಮೆ.

ಗ್ರಹಾಂ–ಕೋಲ್ ವಿಧಾನವನ್ನು ಹಿಂದೆ ಸರಿಸಿದ್ದು 1970ರ ದಶಕದಲ್ಲಿ ಪ್ರಬಲವಾದ ಶ್ರವಣಾತೀತ ಧ್ವನಿಯ ಪರೀಕ್ಷೆ, ಅಂದರೆ ಅಲ್ಟ್ರಾಸೌಂಡ್. ವಿಕಿರಣವಿಲ್ಲದ, ಚುಚ್ಚದ, ಅಗ್ಗವಾದ ಈ ಪರೀಕ್ಷೆಯು ಪಿತ್ತಕೋಶದ ಕಲ್ಲನ್ನು ನೂರರಲ್ಲಿ 95ರಷ್ಟು ಸಂದರ್ಭಗಳಲ್ಲಿ ಹಿಡಿಯುತ್ತದೆ. ಆದರೆ ಅದು ಹಿಡಿಯುವುದು ಯಂತ್ರದಿಂದಲ್ಲ, ಕೈಯಿಂದ. ಮಬ್ಬು ಕೊಠಡಿಯಲ್ಲಿ ರೋಗಿಯ ಬಲಪಕ್ಕೆಯ ಕೆಳಗೆ ತಣ್ಣನೆಯ ಜೆಲ್ ಸವರಿ, ‘ಉಸಿರು ಎಳ್ಕೊಂಡು ಹಿಡೀರಿ’ ಎನ್ನುತ್ತ ಪ್ರೋಬನ್ನು ಪಕ್ಕೆಲುಬುಗಳ ಸಂದಿನಲ್ಲಿ ಓರೆಯಾಗಿಸುವ ವೈದ್ಯೆಗೆ, ಕಪ್ಪಾಗಿ ತೋರುವ ಪಿತ್ತಕೋಶದೊಳಗೆ ಬೆಳ್ಳನೆಯ ಚುಕ್ಕೆಯೊಂದು ಕಂಡರೆ ಸಾಲದು. ಅದರ ಹಿಂದೆ ಕಪ್ಪು ನೆರಳು ಬಿದ್ದಿದೆಯೇ, ರೋಗಿಯನ್ನು ಎಡಮಗ್ಗುಲಿಗೆ ಹೊರಳಿಸಿದರೆ ಅದು ಉರುಳುತ್ತದೆಯೇ ಎಂದು ನೋಡಬೇಕು. ನೆರಳೂ ಚಲನೆಯೂ ಇದ್ದರೆ ಕಲ್ಲು. ಎರಡೂ ಇಲ್ಲದೆ ಗೋಡೆಗೆ ಅಂಟಿಕೊಂಡಿದ್ದರೆ ಬಹುಶಃ ಪಾಲಿಪ್. ಬಳಿಕ ಅವಳ ದೃಷ್ಟಿ ಪಿತ್ತನಾಳದತ್ತ ಹರಿಯುತ್ತದೆ. ಸುಮಾರು 6 ಮಿಲಿಮೀಟರಿನೊಳಗಿರಬೇಕಾದ ಮುಖ್ಯನಾಳವು, ವಯಸ್ಸಾದವರಲ್ಲಿ ಕೊಂಚ ಸಡಿಲವಿರುವುದನ್ನು ಬಿಟ್ಟರೆ, ಅದಕ್ಕೂ ಮೀರಿ ಹಿಗ್ಗಿದ್ದು, ಯಕೃತ್ತಿನೊಳಗಣ ಕಿರುನಾಳಗಳು ಪಕ್ಕದ ಸಿರೆಗಳೊಡನೆ ಕೋವಿಯ ಜೋಡಿ ನಳಿಗೆಗಳಂತೆ ತೋರತೊಡಗಿದರೆ, ಕೆಳಗೆಲ್ಲಿಯೋ ದಾರಿ ಕಟ್ಟಿದೆಯೆಂದೇ ಅರ್ಥ. ತಡೆಯುಂಟಾದ ಮೊದಲೊಂದೆರಡು ದಿನ ನಾಳವು ಹಿಗ್ಗದೆಯೂ ಇರಬಹುದಾದುದರಿಂದ, ಸಂಶಯವಿದ್ದಲ್ಲಿ ಅದೇ ಕೈ ಮತ್ತೊಮ್ಮೆ ನೋಡಬೇಕು.

ನಾಳದ ಕೆಳತುದಿಯು ಕರುಳಿನ ವಾಯುವಿನ ಮರೆಯಲ್ಲಿರುವುದರಿಂದ ಅಲ್ಲಿ ನಿಂತ ಕಲ್ಲು ಈ ಪರೀಕ್ಷೆಗೆ ಅನೇಕ ವೇಳೆ ಸಿಕ್ಕದು. ಆಗ ಬೇಕಾದುದು 1990ರ ದಶಕದಿಂದ ಬಳಕೆಗೆ ಬಂದ ಎಂಆರ್‌ಸಿಪಿ. ನಿಶ್ಚಲವಾದ ದ್ರವವೆಲ್ಲ ಬೆಳ್ಳಗೆ ಹೊಳೆಯುವಂತೆ ಅಯಸ್ಕಾಂತ ಚಿತ್ರಣವನ್ನು ಹೊಂದಿಸಿ, ಯಾವ ಔಷಧವನ್ನೂ ಚುಚ್ಚದೆ ಇಡೀ ಪಿತ್ತವೃಕ್ಷವನ್ನು ಅದು ತೋರಿಸಿಕೊಡುತ್ತದೆ. ಬಾಯಿಯ ಮೂಲಕ ಎಂಡೋಸ್ಕೋಪ್ ಇಳಿಸಿ ನಾಳದ ಬಾಯಿಗೇ ಬಣ್ಣವೂಡುವ ಇಆರ್‌ಸಿಪಿಯು 1974ರಲ್ಲಿ ಜರ್ಮನಿಯ ಎರ್ಲಾಂಗನ್ ಮತ್ತು ಜಪಾನಿನ ಕ್ಯೋಟೋ ನಗರಗಳಲ್ಲಿ ಚಿಕಿತ್ಸೆಯಾಗಿಯೂ ಬೆಳೆದು, ಹೊಟ್ಟೆಯನ್ನು ಕೊಯ್ಯದೆ ಕಲ್ಲು ತೆಗೆಯುವುದನ್ನು ಸಾಧ್ಯಗೊಳಿಸಿತು. ಆದರೆ ಅದರ ಬಳಿಕ ಮೇದೋಜೀರಕದ ಉರಿಯೂತವು ಹಲವರನ್ನು ಕಾಡುವುದರಿಂದ, ಕೇವಲ ನೋಡುವ ಸಲುವಾಗಿ ಅದನ್ನು ಮಾಡುವುದು ಇಂದು ಸಮರ್ಥನೀಯವಲ್ಲ. ನೋಡಲು ಎಂಆರ್‌ಸಿಪಿ, ತೆಗೆಯಲು ಇಆರ್‌ಸಿಪಿ ಎಂಬ ವಿವೇಕಕ್ಕೆ ಮೊದಲ ಮೆಟ್ಟಿಲು ಸಮೀಪದ ಆಸ್ಪತ್ರೆಯ ಸಾಧಾರಣ ಸ್ಕ್ಯಾನಿಂಗೇ.

ಆ ಮೊದಲ ಮೆಟ್ಟಿಲೇ ನಮ್ಮಲ್ಲಿ ದುರ್ಬಲವಾಗಿದೆ. ಯಂತ್ರ ಬಂದು ಕುಳಿತಿದ್ದರೂ ರೇಡಿಯಾಲಜಿ ತಜ್ಞರಿಲ್ಲದೆ ಬಾಗಿಲು ಮುಚ್ಚಿದ ಕೊಠಡಿಗಳು ತಾಲ್ಲೂಕು ಆಸ್ಪತ್ರೆಗಳಲ್ಲಿ ಅಪರೂಪವಲ್ಲ. ಹೆಣ್ಣುಭ್ರೂಣಹತ್ಯೆಯನ್ನು ತಡೆಯಲು 1994ರಲ್ಲಿ ಬಂದ ಕಾಯಿದೆಯು ಯಂತ್ರದ ನೋಂದಣಿಯಿಂದ ಹಿಡಿದು ಅದನ್ನು ಬಳಸುವವರ ಅರ್ಹತೆಯವರೆಗೆ ಕಟ್ಟುನಿಟ್ಟುಗಳನ್ನು ವಿಧಿಸಿರುವುದನ್ನೇ ಈ ಕೊರತೆಗೆ ಕಾರಣವೆಂದು ಕೆಲವರು ದೂರುವುದುಂಟು. ಆ ಕಾಯಿದೆಯ ಒಂದೆಳೆಯೂ ಸಡಿಲವಾಗಕೂಡದೆಂದು ನಾನು ದೃಢವಾಗಿ ನಂಬುತ್ತೇನೆ. ದಾರಿಯು ಅದರೊಳಗೇ ಇದೆ. ಅದರಡಿಯಲ್ಲಿ 2014ರಲ್ಲಿ ರಚಿತವಾದ ನಿಯಮಗಳು ಎಂಬಿಬಿಎಸ್ ವೈದ್ಯರಿಗೆ ಹೊಟ್ಟೆ ಮತ್ತು ಕಿಬ್ಬೊಟ್ಟೆಯ ಅಲ್ಟ್ರಾಸೌಂಡಿನಲ್ಲಿ ಆರು ತಿಂಗಳ ತರಬೇತಿಯನ್ನು ಗೊತ್ತುಪಡಿಸಿವೆ. ಪ್ರತಿ ತಾಲ್ಲೂಕಿನಿಂದಲೂ ಒಬ್ಬ ವೈದ್ಯರನ್ನು ಸಂಬಳಸಹಿತವಾಗಿ ಈ ತರಬೇತಿಗೆ ಕಳುಹಿಸುವುದಕ್ಕೆ ತಗಲುವ ವೆಚ್ಚವು ಹೊಸ ಸಿ.ಟಿ. ಯಂತ್ರವೊಂದರ ಬೆಲೆಯ ಮುಂದೆ ಅಲ್ಪವೇ ಸರಿ. ಅದರೊಡನೆ, ‘ಹೊಟ್ಟೆ ಸ್ಕ್ಯಾನಿಂಗ್’ ಎಂದಷ್ಟೇ ಬರೆದು ಕಳುಹಿಸುವ ಚೀಟಿಯ ಪದ್ಧತಿಯೂ ನಿಲ್ಲಬೇಕು. ಕಾಮಾಲೆ ಎಷ್ಟು ದಿನದ್ದು, ನೋವು ಜ್ವರಗಳುಂಟೆ, ಮಲದ ಬಣ್ಣವೇನು ಎಂಬ ನಾಲ್ಕು ಮಾತುಗಳಿದ್ದರೆ ನೋಡುವವರಿಗೆ ಏನನ್ನು ಹುಡುಕಬೇಕೆಂಬುದು ತಿಳಿಯುತ್ತದೆ.

ಇದಕ್ಕೆ ವಿರುದ್ಧವಾದ ಅತಿರೇಕವನ್ನು ಪಟ್ಟಣಗಳಲ್ಲಿ ಕಾಣುತ್ತೇವೆ. ಆರೋಗ್ಯವಂತರ ವಾರ್ಷಿಕ ತಪಾಸಣೆಯಲ್ಲಿ ನೋವಿಲ್ಲದ ಕಲ್ಲೊಂದು ಕಂಡೊಡನೆ ಶಸ್ತ್ರಕ್ರಿಯೆಯ ದಿನಾಂಕ ನಿಶ್ಚಯವಾಗುತ್ತದೆ. ಅಂತಹ ಮೌನವಾದ ಕಲ್ಲುಗಳಿಂದ ವರ್ಷಕ್ಕೆ ತೊಂದರೆಗೊಳಗಾಗುವವರು ನೂರರಲ್ಲಿ ಒಬ್ಬರೋ ಇಬ್ಬರೋ ಮಾತ್ರ. ಪಿತ್ತಕೋಶದ ಕ್ಯಾನ್ಸರ್ ಅಧಿಕವಾಗಿರುವ ಗಂಗಾ ಬಯಲಿನ ವೈದ್ಯರ ಆತಂಕಕ್ಕೆ ಆಧಾರವಿದೆ. ಅದನ್ನು ಹಾಗೆಯೇ ಇಲ್ಲಿಗೆ ತಂದು ಎಲ್ಲರ ಹೊಟ್ಟೆಗೂ ಅನ್ವಯಿಸುವುದು ಸರಿಯಲ್ಲ.

ಕಾಲದ ಬೆಲೆಯು ಅತ್ಯಂತ ಕಠೋರವಾಗಿರುವುದು ನವಜಾತ ಶಿಶುಗಳ ವಿಷಯದಲ್ಲಿ. ಹುಟ್ಟಿದ ಮೊದಲ ವಾರದ ಕಾಮಾಲೆಯು ಬಹುಪಾಲು ಕೂಸುಗಳಲ್ಲಿ ನಿರಪಾಯಕರವಾದುದು. ಆದರೆ ಎರಡು ವಾರ ದಾಟಿದರೂ ಇಳಿಯದೆ, ಮಲವು ಸುಣ್ಣದಂತೆ ಬಿಳಿಚಿದ್ದರೆ, ಪಿತ್ತನಾಳಗಳೇ ಮುಚ್ಚಿಹೋಗುವ ಬಿಲಿಯರಿ ಅಟ್ರೀಸಿಯಾ ಎಂಬ ವ್ಯಾಧಿಯನ್ನು ಶಂಕಿಸಬೇಕು. ಜಪಾನಿನ ಮೊರಿಯೊ ಕಸಾಯಿ 1950ರ ದಶಕದಲ್ಲಿ ರೂಪಿಸಿದ ಶಸ್ತ್ರಕ್ರಿಯೆಯು ಕರುಳನ್ನು ನೇರವಾಗಿ ಯಕೃತ್ತಿಗೆ ಜೋಡಿಸಿ ಪಿತ್ತಕ್ಕೆ ದಾರಿ ಮಾಡಿಕೊಡುತ್ತದೆ. ಅದು ಫಲಿಸುವ ಸಂಭವ ಹೆಚ್ಚಾಗಿರುವುದು ಮಗುವಿಗೆ 60 ದಿನ ತುಂಬುವುದರೊಳಗೆ. ತೈವಾನ್ ದೇಶವು 2004ರಿಂದ ಮಲದ ಬಣ್ಣಗಳನ್ನು ಮುದ್ರಿಸಿದ ಚೀಟಿಯನ್ನು ಪ್ರತಿ ಬಾಣಂತಿಗೂ ಕೊಡತೊಡಗಿದ ಮೇಲೆ, ಕಾಲ ಮೀರದೆ ಶಸ್ತ್ರಕ್ರಿಯೆಗೆ ಬರುವ ಶಿಶುಗಳ ಪ್ರಮಾಣವು ಏರಿತು. ನಮ್ಮಲ್ಲಿ ಆಶಾ ಕಾರ್ಯಕರ್ತೆಯು ಬಾಣಂತಿಯ ಮನೆಗೆ 3, 7, 14, 21, 28 ಮತ್ತು 42ನೆಯ ದಿನಗಳಂದು ಹೋಗಬೇಕೆಂಬ ನಿಯಮವು ಈಗಾಗಲೇ ಇದೆ. ಅವಳ ಕೈಗೆ ಅಂತಹದೇ ಒಂದು ಚೀಟಿಯನ್ನು ಕೊಟ್ಟು, ಅವಳು ಕಳುಹಿಸಿದ ಮಗುವಿಗೆ ಜಿಲ್ಲಾಸ್ಪತ್ರೆಯಲ್ಲಿ ಸರದಿ ಕಾಯಿಸದೆ ಸ್ಕ್ಯಾನಿಂಗ್ ಮಾಡಬೇಕೆಂಬ ಆದೇಶವನ್ನು ಆರೋಗ್ಯ ಇಲಾಖೆಯು ಹೊರಡಿಸಿದರೆ, 28ನೆಯ ದಿನದ ಭೇಟಿಯಲ್ಲಿ ಗುರುತಿಸಿದ ಕೂಸಿಗೂ ಮುಂದಿನ ಪರೀಕ್ಷೆಗಳಿಗೆ ಮತ್ತು ಶಸ್ತ್ರಕ್ರಿಯೆಗೆ ಇನ್ನೂ ಒಂದು ತಿಂಗಳ ಅವಕಾಶ ಉಳಿದಿರುತ್ತದೆ.