ಹಳ್ಳಿಯ ಲೆಕ್ಕ ಬರೆದ ಸಂಪಾದಕರು

ತನ್ನನ್ನು ಬಯ್ಯುವ ಸಂಪಾದಕನಿಗೆ ಯಾವ ಪ್ರಭುತ್ವವೂ ಅಷ್ಟಾಗಿ ಅಂಜುವುದಿಲ್ಲ. ಹಳ್ಳಿಯ ಕೂಲಿಯೆಷ್ಟು, ಕಾಳಿನ ಧಾರಣೆಯೆಷ್ಟು, ಬಿಟ್ಟಿ ದುಡಿದವರಾರು, ದುಡಿಸಿಕೊಂಡವರಾರು ಎಂಬುದನ್ನು ವಿಚಾರಿಸಿ ಅಚ್ಚು ಹಾಕುವವನಿಗೆ ಮಾತ್ರ ಅದು ನಿಜವಾಗಿ ಅಂಜುತ್ತದೆ. ಹೈದರಾಬಾದಿನ ಪತ್ರಿಕೆಗಳ ಚರಿತ್ರೆಯನ್ನು ಓದಿದಷ್ಟೂ ನನಗೆ ಈ ಅಭಿಪ್ರಾಯವು ದೃಢವಾಗುತ್ತಿದೆ.

ಈ ಜಾತಿಯ ಪತ್ರಿಕಾವೃತ್ತಿಗೆ ಇಂಗ್ಲೆಂಡಿನಲ್ಲಿ ಮೇಲ್ಪಂಕ್ತಿ ಹಾಕಿದವನು ವಿಲಿಯಂ ಕಾಬೆಟ್. 1802ರಲ್ಲಿ ‘ಪೊಲಿಟಿಕಲ್ ರಿಜಿಸ್ಟರ್’ ಎಂಬ ಪತ್ರಿಕೆಯನ್ನು ಹೊರಡಿಸಿದ ಈ ಒಕ್ಕಲು ಮನೆತನದವನು, ಈಲಿ ಎಂಬ ಊರಿನಲ್ಲಿ ಸಂಬಳದ ಕಡಿತವನ್ನು ಪ್ರತಿಭಟಿಸಿದ ಸಿಪಾಯಿಗಳಿಗೆ ಚಾಟಿಯೇಟು ಬಿಗಿದುದನ್ನು ಖಂಡಿಸಿ ಬರೆದ ತಪ್ಪಿಗೆ 1810ರಲ್ಲಿ ಎರಡು ವರ್ಷದ ಸೆರೆಮನೆಯನ್ನೂ ಸಾವಿರ ಪೌಂಡಿನ ಜುಲ್ಮಾನೆಯನ್ನೂ ಅನುಭವಿಸಿದನು. ಸ್ಟಾಂಪು ತೆರಿಗೆಯ ದೆಸೆಯಿಂದ ಬಡವನ ಕೈಗೆಟುಕದೆ ಹೋಗಿದ್ದ ಪತ್ರಿಕೆಯನ್ನು 1816ರಲ್ಲಿ ಎರಡು ಪೆನ್ಸಿಗೆ ಇಳಿಸಿ ಕೂಲಿಕಾರರಿಗೆ ಓದಿಸಿದನು. ಮುಂದೆ ಕುದುರೆಯೇರಿ ಹಳ್ಳಿ ಹಳ್ಳಿ ಸುತ್ತಿ, ಆಳಿನ ತಟ್ಟೆಯಲ್ಲಿ ರೊಟ್ಟಿಯಿದೆಯೋ ಬರಿಯ ಆಲೂಗಡ್ಡೆಯಿದೆಯೋ ಎಂಬುದನ್ನು ಸಹ ನೋಡಿ ಬರೆದನು. ಅವನ ಪೂರ್ವಾಗ್ರಹಗಳು ಬಹಳ. ಅವನ ಕಣ್ಣು ಮಾತ್ರ ಸುಳ್ಳಾಡಲಿಲ್ಲ.

ನಮ್ಮಲ್ಲಿ ಆ ಕಣ್ಣಿದ್ದವರು ಸುರವರಂ ಪ್ರತಾಪರೆಡ್ಡಿಯವರು. 1926ರಲ್ಲಿ ಅವರು ಹೈದರಾಬಾದಿನಿಂದ ಹೊರಡಿಸಿದ ತೆಲುಗಿನ ‘ಗೋಲ್ಕೊಂಡ ಪತ್ರಿಕೆ’ಗೆ ಕಾಬೆಟ್ಟನಿಗಿದ್ದಂತೆ ಪಾರ್ಲಿಮೆಂಟಿನ ನೆರಳಾಗಲಿ ಜ್ಯೂರಿಯ ರಕ್ಷೆಯಾಗಲಿ ಇರಲಿಲ್ಲ. ಸಭೆ ಕೂಡಿಸಬೇಕಾದರೆ ಮುಂಗಡ ಅಪ್ಪಣೆ ಪಡೆಯಬೇಕೆಂದು ವಿಧಿಸಿದ ‘ಗಸ್ತಿ ನಿಶಾನ್ 53’ ಎಂಬ ಸುತ್ತೋಲೆ ಇದ್ದ ನಿಜಾಮ ರಾಜ್ಯವದು. ಅಲ್ಲಿ ಹಳ್ಳಿಯ ಸ್ಥಿತಿ ಹೇಗಿತ್ತೆಂದರೆ, ಸರಕಾರಿ ಅಧಿಕಾರಿಯು ಸವಾರಿ ಬಂದ ದಿನ ಕುಂಬಾರನು ಮಡಕೆ ತರಬೇಕು, ಅಗಸನು ಬಟ್ಟೆ ಒಗೆಯಬೇಕು, ಹೊಲಗೇರಿಯವರು ಗಂಟುಮೂಟೆ ಹೊತ್ತು ಮುಂದಿನ ಊರಿನವರೆಗೆ ನಡೆಯಬೇಕು. ಇದಾವುದಕ್ಕೂ ಕಾಸಿಲ್ಲ, ಕೇಳಿದವನಿಗೆ ಏಟು. ಜಾಗೀರುದಾರನ, ದೇಶಮುಖನ ಗದ್ದೆಗೂ ಇದೇ ಬಿಟ್ಟಿ ಚಾಕರಿ. ತೆಲುಗು ಸೀಮೆಯಲ್ಲಿ ಇದನ್ನು ವೆಟ್ಟಿ ಎಂದರು. ಕಲಬುರ್ಗಿ, ರಾಯಚೂರು, ಬೀದರಗಳ ರೈತನೂ ಇದೇ ರಾಜ್ಯದ ಪ್ರಜೆಯಾಗಿದ್ದನಷ್ಟೆ.

ಪ್ರತಾಪರೆಡ್ಡಿಯವರು ನಿರ್ಲಿಪ್ತ ವಿರಕ್ತರಾಗಿದ್ದರೆಂದು ನಾನು ಹೇಳಲೊಲ್ಲೆ. ನಗರದ ಕೊತ್ವಾಲರಾಗಿದ್ದ ವೆಂಕಟರಾಮರೆಡ್ಡಿಯವರ ಆಶ್ರಯ ಅವರಿಗಿತ್ತು. ಭೂಮಿಯುಳ್ಳವರ ಸ್ನೇಹವೂ ಇತ್ತು. ಪೊಲೀಸಿನ ಮುಖ್ಯಸ್ಥರ ಪೋಷಣೆಯಲ್ಲಿ ಬೆಳೆದ ಸಂಪಾದಕರು ಅಧಿಕಾರಿಗಳ ದರ್ಪವನ್ನು ಟೀಕಿಸಬೇಕಾಗಿ ಬಂದ ಈ ವಿಚಿತ್ರವನ್ನು ಕೆಲವರು ಕುಂದೆಂದು ಎಣಿಸಬಹುದು. ನನಗಾದರೋ, ಅಂಥ ಇಕ್ಕಟ್ಟಿನಲ್ಲಿಯೂ ಬಿಟ್ಟಿ ಚಾಕರಿಯ ವಿಷಯವನ್ನೆತ್ತಿದ ಧೈರ್ಯವೇ ಹೆಚ್ಚಿನದಾಗಿ ಕಾಣುತ್ತದೆ.

ಈ ಇಕ್ಕಟ್ಟಿಗಿಂತ ಕಠಿನವಾದ ಬೆಲೆ ತೆತ್ತವರು ಉರ್ದುವಿನಲ್ಲಿ ಬರೆದವರು. ಮಂದುಮುಲ ನರಸಿಂಗರಾವ್ ಅವರ ‘ರಯ್ಯತ್’ ಪತ್ರಿಕೆಯಲ್ಲಿ ದುಡಿದ ಶೋಯಬುಲ್ಲಾ ಖಾನರು, ಅದನ್ನು ಸರಕಾರವು ಮುಚ್ಚಿಸಿದ ಬಳಿಕ 1947ರ ನವೆಂಬರಿನಲ್ಲಿ ‘ಇಮ್ರೋಜ್’ ಎಂಬ ತಮ್ಮ ದಿನಪತ್ರಿಕೆಯನ್ನು ತೆಗೆದರು. ರಾಜ್ಯವು ಭಾರತದಲ್ಲಿ ವಿಲೀನವಾಗಬೇಕೆಂದು ವಾದಿಸಿದ, ನಿಜಾಮನ ಪರವಾದ ಸಶಸ್ತ್ರ ದಳದವರಾದ ರಜಾಕಾರರು ಹಳ್ಳಿಗಳಲ್ಲಿ ನಡೆಸಿದ ಲೂಟಿಯನ್ನು ಖಂಡಿಸಿದ ಮುಸಲ್ಮಾನ ಸಂಪಾದಕನನ್ನು ರಜಾಕಾರರ ನಾಯಕನಾದ ಖಾಸಿಂ ರಜ್ವಿಯ ಕಡೆಯವರು ಸಹಿಸಲಿಲ್ಲ. 1948ರ ಆಗಸ್ಟ್ 21ರ ರಾತ್ರಿ, ಕಚೇರಿಯಿಂದ ಮನೆಗೆ ಹೊರಟ ಅವರನ್ನು ಕಾಚಿಗೂಡದಲ್ಲಿ ಅಡ್ಡಗಟ್ಟಿ, ಗುಂಡಿಕ್ಕಿ, ಕೈಯನ್ನು ಕತ್ತರಿಸಿದರು. ಮೂವತ್ತು ತುಂಬದ ಆ ತರುಣನು ಮರುದಿನ ಬೆಳಗಿನ ಹೊತ್ತಿಗೆ ತೀರಿಕೊಂಡನು. ಅದಾಗಿ ಒಂದು ತಿಂಗಳು ತುಂಬುವುದರೊಳಗೆ, ಸೆಪ್ಟೆಂಬರ್ 17ರಂದು, ನಿಜಾಮನು ಭಾರತಕ್ಕೆ ಶರಣಾದನು.

ಇವರು ತೆಲುಗಿನವರು, ಉರ್ದುವಿನವರು, ನಮಗೇನೆಂದು ಕನ್ನಡಿಗನು ಕೇಳಿಯಾನು. ಪ್ರತಾಪರೆಡ್ಡಿಯವರ ಹುಟ್ಟುಸೀಮೆಯಾದ ಆಲಂಪುರ, ಗದ್ವಾಲ ತಾಲ್ಲೂಕುಗಳು 1956ರವರೆಗೆ ರಾಯಚೂರು ಜಿಲ್ಲೆಗೇ ಸೇರಿದ್ದುವು. ರಾಜ್ಯಗಳ ಗೆರೆ ಬದಲಾದ ಮಾತ್ರಕ್ಕೆ ಹಳ್ಳಿಗರ ಪೂರ್ವಕಥೆಯನ್ನು ಪಾಲು ಮಾಡಿಕೊಳ್ಳಲಾಗದು. ನಿಜಾಮನ ಕಾಲದ ಕಲ್ಯಾಣ ಕರ್ನಾಟಕವನ್ನು ಕುರಿತು ಭಾಷಣ ಮಾಡುವ ನಾವು, ಆ ಕಾಲದ ಹಳ್ಳಿಯನ್ನು ಕಣ್ಣಾರೆ ಕಂಡು ಬರೆದ ಪತ್ರಿಕೆಗಳನ್ನು ಓದದಿರುವುದು ಸೋಮಾರಿತನವಲ್ಲದೆ ಬೇರೇನೂ ಅಲ್ಲ. ಆದ್ದರಿಂದ ಕಲಬುರ್ಗಿಯ ವಿಶ್ವವಿದ್ಯಾಲಯದವರಲ್ಲಿಯೂ ಹೈದರಾಬಾದಿನ ಕನ್ನಡ ಸಂಘಗಳವರಲ್ಲಿಯೂ ನನ್ನ ಬಿನ್ನಹವಿಷ್ಟೆ: ತೆಲುಗು, ಉರ್ದು ಬಲ್ಲ ನಾಲ್ಕು ಮಂದಿ ಕನ್ನಡಿಗರನ್ನು ಕೂಡಿಸಿ, ‘ಗೋಲ್ಕೊಂಡ ಪತ್ರಿಕೆ’ಯಿಂದಲೂ ‘ಇಮ್ರೋಜ್’ನಿಂದಲೂ ಆಯ್ದ ಲೇಖನಗಳ ಒಂದು ಸಂಪುಟವನ್ನು ಕನ್ನಡಕ್ಕೆ ತರಿಸಿರಿ.