ಮಕ್ಕಳ ಮೂತ್ರದ ಸೋಂಕು: ಸ್ಕ್ಯಾನ್ ಚೀಟಿಗಿಂತ ಮೊದಲು ಮೂತ್ರದ ಬಾಟಲಿ

ತಾಲ್ಲೂಕು ಊರುಗಳಲ್ಲಿ ಎರಡು ವರ್ಷದೊಳಗಿನ ಮಗುವಿಗೆ ಜ್ವರ ಬಂತು ಅಂದ್ರೆ ನಡೆಯೋದು ಹೆಚ್ಚುಕಡಿಮೆ ಒಂದೇ ಥರ. ಮೊದಲ ದಿನ ಮನೆಯಲ್ಲಿರುವ ಪ್ಯಾರಾಸಿಟಮಾಲ್ ಸಿರಪ್. ಎರಡನೇ ದಿನ ಮೆಡಿಕಲ್ ಶಾಪಿನಿಂದ ಆಂಟಿಬಯೋಟಿಕ್. ಮೂರನೇ ದಿನವೂ ಇಳಿಯದಿದ್ದರೆ ಡಾಕ್ಟರ್. ನಡುವೆ "ಹಲ್ಲು ಬರ್ತಾ ಇದೆ", "ಉಷ್ಣ ಆಗಿದೆ", "ದೃಷ್ಟಿ ಆಗಿದೆ" ಎಂಬ ಮಾತುಗಳು, ಜೊತೆಗೆ ಬಾರ್ಲಿ ನೀರು, ಜೀರಿಗೆ ನೀರು. ಕೊನೆಗೆ ಯೂರಿನ್ ಇನ್ಫೆಕ್ಷನ್ ಎಂದು ಗೊತ್ತಾದಾಗ ಮನೆಯವರ ಮೊದಲ ಪ್ರಶ್ನೆ: ಕಿಡ್ನಿಗೆ ಏನಾದ್ರೂ ಆಗಿದೆಯಾ, ಸ್ಕ್ಯಾನ್ ಮಾಡಿಸಬೇಕಾ?

ಪ್ರಶ್ನೆ ಸರಿಯಾದದ್ದೇ. ಆದರೆ ಅದಕ್ಕೆ ಸರಿಯಾದ ಉತ್ತರ ಕೊಡಲು ವೈದ್ಯರಿಗೆ ಬೇಕಾದ ಮುಖ್ಯ ಸಾಕ್ಷಿ ಅಷ್ಟರಲ್ಲಿ ಕೈತಪ್ಪಿರುತ್ತದೆ. ಆಂಟಿಬಯೋಟಿಕ್ ಹೊಟ್ಟೆಗೆ ಬೀಳುವ ಮುಂಚೆ ಹಿಡಿದ ಮೂತ್ರವೇ ಆ ಸಾಕ್ಷಿ.

ಮೂರು ಸ್ಕ್ಯಾನ್, ಮೂರು ಕೆಲಸ

ಜ್ವರ ಬಂದ ಎರಡು ವರ್ಷದೊಳಗಿನ ನೂರು ಮಕ್ಕಳಲ್ಲಿ ಸುಮಾರು 7 ಮಕ್ಕಳಿಗೆ ಕಾರಣ ಮೂತ್ರದ ಸೋಂಕು ಎಂದು ಹಲವು ಅಧ್ಯಯನಗಳನ್ನು ಒಟ್ಟು ಸೇರಿಸಿ ನೋಡಿದ ಲೆಕ್ಕ ಹೇಳುತ್ತದೆ. ಬಹುಪಾಲು ಮಕ್ಕಳು ಔಷಧದಿಂದಲೇ ಗುಣವಾಗುತ್ತಾರೆ. ಭಯ ಇರುವುದು ಉಳಿದ ಕೆಲವರ ಬಗ್ಗೆ. ಜ್ವರದ ಜೊತೆ ಸೋಂಕು ಬಂದ ಮಕ್ಕಳಲ್ಲಿ ಸರಿಸುಮಾರು ಮೂವರಲ್ಲಿ ಒಬ್ಬರಿಗೆ ಮೂತ್ರ ಚೀಲದಿಂದ ಕಿಡ್ನಿಯ ಕಡೆಗೆ ವಾಪಸ್ ಹರಿಯುವ ತೊಂದರೆ ಇರುತ್ತದೆ. ಇದಕ್ಕೆ ರಿಫ್ಲಕ್ಸ್ ಅಂತಾರೆ. 1ರಿಂದ 5ರವರೆಗೆ ಗ್ರೇಡ್ ಕೊಡುತ್ತಾರೆ. ಕೆಳಗಿನ ಗ್ರೇಡ್‌ಗಳು ಮಗು ಬೆಳೆದಂತೆ ಸಾಮಾನ್ಯವಾಗಿ ತಾನೇ ಸರಿಹೋಗುತ್ತವೆ. ಮೇಲಿನ ಗ್ರೇಡ್ ಇದ್ದು ಪದೇ ಪದೇ ಸೋಂಕು ಆದರೆ ಕಿಡ್ನಿಯಲ್ಲಿ ಗಾಯದ ಕಲೆ ಉಳಿಯಬಹುದು. ಕೆಲವು ಗಂಡುಮಕ್ಕಳಿಗೆ ಹುಟ್ಟಿನಿಂದಲೇ ಮೂತ್ರದ ದಾರಿಯಲ್ಲಿ ತಡೆ ಇರುತ್ತದೆ.

ಇದನ್ನು ಪತ್ತೆ ಮಾಡಲು ಮೂರು ಬಗೆಯ ಸ್ಕ್ಯಾನ್ ಇವೆ. ಮೊದಲನೆಯದು ಅಲ್ಟ್ರಾಸೌಂಡ್. ಗರ್ಭಿಣಿಯರಿಗೆ ಮಾಡುವಂಥದ್ದೇ. ನೋವಿಲ್ಲ, ವಿಕಿರಣ ಇಲ್ಲ. ಕಿಡ್ನಿ ಊದಿದೆಯೇ, ತಡೆ ಇದೆಯೇ ಎಂದು ತೋರಿಸುತ್ತದೆ. ರಿಫ್ಲಕ್ಸ್ ಇದ್ದರೂ ಇದರಲ್ಲಿ ಕಾಣದೇ ಹೋಗಬಹುದು.

ಎರಡನೆಯದು ಎಂಸಿಯು. ಮೂತ್ರದ ದಾರಿಯಲ್ಲಿ ಸಣ್ಣ ನಳಿಕೆ ತೂರಿಸಿ, ಮೂತ್ರ ಚೀಲಕ್ಕೆ ಬಣ್ಣದ ದ್ರವ ತುಂಬಿಸಿ, ಮಗು ಮೂತ್ರ ಮಾಡುವಾಗ ಎಕ್ಸ್‌ರೇ ತೆಗೆಯುತ್ತಾರೆ. ರಿಫ್ಲಕ್ಸ್ ಹಿಡಿಯುವುದು ಇದೇ. ಆದರೆ ಮಗು ಅಳುತ್ತದೆ, ತಾಯಿಯೂ ಅಳುತ್ತಾಳೆ. ವಿಕಿರಣ ಬೀಳುತ್ತದೆ, ನಳಿಕೆಯಿಂದಲೇ ಹೊಸ ಸೋಂಕು ಆಗುವ ಸಾಧ್ಯತೆಯೂ ಇದೆ.

ಮೂರನೆಯದು ಡಿಎಂಎಸ್‌ಎ. ಸೂಜಿಯಲ್ಲಿ ಸ್ವಲ್ಪ ವಿಕಿರಣಶೀಲ ಔಷಧ ಕೊಟ್ಟು ಕಿಡ್ನಿಯಲ್ಲಿ ಕಲೆ ಉಳಿದಿದೆಯೇ ಎಂದು ನೋಡುತ್ತಾರೆ. ಇದಕ್ಕೆ ನ್ಯೂಕ್ಲಿಯರ್ ಮೆಡಿಸಿನ್ ವಿಭಾಗ ಬೇಕು, ಅಂದರೆ ದೊಡ್ಡ ನಗರದ ಆಸ್ಪತ್ರೆಗೇ ಹೋಗಬೇಕು. ತಾಲ್ಲೂಕಿನವರಿಗೆ ಇದು ಅಂಗಡಿ ಬಾಗಿಲು ಹಾಕಿ, ಕೂಲಿ ಬಿಟ್ಟು, ಒಂದೆರಡು ದಿನ ತಿರುಗುವ ಕೆಲಸ.

ನಿಯಮ ಬದಲಾಗಿದೆ

ಹಿಂದೆ ಮೂರೂ ಮಾಡಿಸುವ ರೂಢಿ ಇತ್ತು. ಭಾರತದ ಮಕ್ಕಳ ಕಿಡ್ನಿ ತಜ್ಞರ ಸಂಘ 2011ರಲ್ಲಿ ಕೊಟ್ಟ ಮಾರ್ಗಸೂಚಿಯ ಪ್ರಕಾರ, ಒಂದು ವರ್ಷದೊಳಗಿನ ಮಗುವಿಗೆ ಮೊದಲ ಸಲ ಸೋಂಕು ಬಂದರೂ ಅಲ್ಟ್ರಾಸೌಂಡ್, ಎಂಸಿಯು, ಡಿಎಂಎಸ್‌ಎ ಮೂರೂ ಬೇಕಿತ್ತು. ಅದೇ ಸಂಘ 2023ರಲ್ಲಿ ಪ್ರಕಟಿಸಿದ ಹೊಸ ಮಾರ್ಗಸೂಚಿ ಇದನ್ನು ಸಾಕಷ್ಟು ಸಡಿಲಿಸಿದೆ. ಸೋಂಕು ಬಂದ ಎಲ್ಲ ಮಕ್ಕಳಿಗೂ ಅಲ್ಟ್ರಾಸೌಂಡ್ ಮಾಡಿಸಬೇಕು. ಎಂಸಿಯು ಬೇಕಾಗುವುದು ಮೂರು ಸಂದರ್ಭದಲ್ಲಿ ಮಾತ್ರ: ಸೋಂಕು ಮರುಕಳಿಸಿದರೆ, ಅಲ್ಟ್ರಾಸೌಂಡ್‌ನಲ್ಲಿ ದೋಷ ಕಂಡರೆ, ಅಥವಾ ಎರಡು ವರ್ಷದೊಳಗಿನ ಮಗುವಿಗೆ ಇ-ಕೋಲಿ ಅಲ್ಲದ ಬೇರೆ ರೋಗಾಣುವಿನಿಂದ ಸೋಂಕು ಬಂದರೆ. ಡಿಎಂಎಸ್‌ಎ ಬೇಕಾಗುವುದು ಸೋಂಕು ಮರುಕಳಿಸಿದ, ಮೇಲಿನ ಗ್ರೇಡ್ ರಿಫ್ಲಕ್ಸ್ ಇರುವ ಮಕ್ಕಳಿಗೆ ಮಾತ್ರ.

ಇದು ಭಾರತದ ಕಥೆಯಷ್ಟೇ ಅಲ್ಲ. ಅಮೆರಿಕದ ಮಕ್ಕಳ ತಜ್ಞರ ಅಕಾಡೆಮಿ 2011ರಲ್ಲೇ ಮೊದಲ ಸೋಂಕಿಗೆ ಎಲ್ಲರಿಗೂ ಎಂಸಿಯು ಬೇಡ ಎಂದಿತ್ತು. ಬ್ರಿಟನ್ ಇನ್ನೂ ಮುಂದೆ ಹೋಗಿದೆ: ಆರು ತಿಂಗಳು ದಾಟಿದ ಮಗು ಮೊದಲ ಸೋಂಕಿನಲ್ಲಿ 48 ಗಂಟೆಯೊಳಗೆ ಚೇತರಿಸಿಕೊಂಡರೆ ಅಲ್ಲಿ ಅಲ್ಟ್ರಾಸೌಂಡ್ ಕೂಡ ಕಡ್ಡಾಯವಿಲ್ಲ.

ಬದಲಾವಣೆಗೆ ಕಾರಣ ಇದೆ. ರಿಫ್ಲಕ್ಸ್ ಇದ್ದ 607 ಮಕ್ಕಳ ಮೇಲೆ ಅಮೆರಿಕದಲ್ಲಿ ನಡೆದ ದೊಡ್ಡ ಅಧ್ಯಯನದ ಫಲಿತಾಂಶ 2014ರಲ್ಲಿ ಬಂತು. ಎರಡು ವರ್ಷ ದಿನಾ ಸಣ್ಣ ಪ್ರಮಾಣದಲ್ಲಿ ಆಂಟಿಬಯೋಟಿಕ್ ಕೊಟ್ಟಾಗ ಮರುಸೋಂಕು ಸುಮಾರು ಅರ್ಧಕ್ಕೆ ಇಳಿಯಿತು. ಕಿಡ್ನಿಯ ಕಲೆಗಳಲ್ಲಿ ಮಾತ್ರ ವ್ಯತ್ಯಾಸ ಕಾಣಲಿಲ್ಲ. ಪ್ರತಿ ಮಗುವಿಗೂ ನಳಿಕೆ ಹಾಕಿ ರಿಫ್ಲಕ್ಸ್ ಹುಡುಕಿ ಸಿಗುವ ಲಾಭ ಅಂದುಕೊಂಡಷ್ಟಿಲ್ಲ ಎಂಬ ವಾದಕ್ಕೆ ಇದರಿಂದ ಬಲ ಬಂತು. ಇನ್ನೊಂದು ಕಡೆಯ ವಾದವೂ ಇದೆ. ಸ್ಕ್ಯಾನ್ ಕಡಿಮೆ ಮಾಡಿದರೆ ಮೇಲಿನ ಗ್ರೇಡಿನ ಕೆಲವು ಮಕ್ಕಳು ಮೊದಲ ಸಲ ತಪ್ಪಿಹೋಗಬಹುದು. ಅವರು ಸಿಗೋದು ಎರಡನೇ ಜ್ವರದಲ್ಲಿ, ಅದೂ ಆ ಜ್ವರವನ್ನು ಬೇಗ ಗುರುತಿಸಿದರೆ.

ಕೊಂಡಿ ಕಳಚುವುದು ಎಲ್ಲಿ?

ತಾಲ್ಲೂಕಿನ ಮಟ್ಟಿಗೆ ತೊಡಕು ಇರೋದು ಇಲ್ಲೇ. "ಮರುಕಳಿಸಿದ ಸೋಂಕು" ಎನ್ನಬೇಕಾದರೆ ಮೊದಲನೆಯದು ನಿಜವಾಗಿ ಮೂತ್ರದ ಸೋಂಕೇ ಆಗಿತ್ತು ಎಂದು ಗೊತ್ತಿರಬೇಕು. "ಇ-ಕೋಲಿ ಅಲ್ಲ" ಎನ್ನಬೇಕಾದರೆ ಯಾವ ರೋಗಾಣು ಎಂದು ಗೊತ್ತಿರಬೇಕು. ಎರಡಕ್ಕೂ ಉತ್ತರ ಕೊಡೋದು ಮೂತ್ರದ ಕಲ್ಚರ್ ಪರೀಕ್ಷೆ. ಅಂದರೆ ಹೊಸ ನಿಯಮದಲ್ಲಿ ಎಂಸಿಯು ಬೇಕೋ ಬೇಡವೋ ಎಂಬ ಮೂರು ಪ್ರಶ್ನೆಗಳಲ್ಲಿ ಎರಡಕ್ಕೆ ಕಲ್ಚರ್ ರಿಪೋರ್ಟ್ ಇಲ್ಲದೆ ಉತ್ತರ ಸಿಗೋದಿಲ್ಲ. ರಿಪೋರ್ಟ್ ಇಲ್ಲದ ಮಗುವನ್ನು ಸುಮ್ಮನೆ ದೊಡ್ಡ ಆಸ್ಪತ್ರೆಗೆ ಕಳಿಸಬೇಕಾಗುತ್ತದೆ, ಇಲ್ಲವೇ ಕಳಿಸಬೇಕಾದ ಮಗು ಮನೆಯಲ್ಲೇ ಉಳಿಯುತ್ತದೆ.

ಕಲ್ಚರ್‌ಗೆ ಮೂತ್ರ ಹಿಡಿಯುವುದೂ ಸುಲಭ ಅಲ್ಲ. ಮಗುವಿಗೆ ಅಂಟಿಸುವ ಪ್ಲಾಸ್ಟಿಕ್ ಚೀಲದಲ್ಲಿ ಚರ್ಮದ ಮೇಲಿನ ರೋಗಾಣುಗಳೂ ಸೇರಿಕೊಳ್ಳುತ್ತವೆ. ಅದರಲ್ಲಿ "ಸೋಂಕಿಲ್ಲ" ಎಂದು ಬಂದರೆ ನಂಬಬಹುದು, "ಸೋಂಕಿದೆ" ಎಂದು ಬಂದರೆ ಅಷ್ಟರಿಂದಲೇ ತೀರ್ಮಾನಕ್ಕೆ ಬರುವಂತಿಲ್ಲ. ತೊಳೆದು ಒರೆಸಿ, ಮಗು ಮೂತ್ರ ಮಾಡುವಾಗ ನಡುವಿನ ಧಾರೆಯನ್ನು ನೇರವಾಗಿ ಬಾಟಲಿಗೆ ಹಿಡಿಯೋದು ಒಳ್ಳೆಯದು. ಮಗು ತೀರಾ ಸುಸ್ತಾಗಿದ್ದರೆ ವೈದ್ಯರು ನಳಿಕೆಯಿಂದ ತೆಗೆಯುತ್ತಾರೆ. ಕಾಯುವ ತಾಯಂದಿರಿಗೆ ಒಂದು ಸರಳ ಉಪಾಯ ಇದೆ: ತಣ್ಣೀರಲ್ಲಿ ಅದ್ದಿದ ಶುದ್ಧ ಬಟ್ಟೆಯಿಂದ ಕಿಬ್ಬೊಟ್ಟೆಯನ್ನು ಮೆಲ್ಲಗೆ ಉಜ್ಜುವುದು. ಆಸ್ಟ್ರೇಲಿಯಾದಲ್ಲಿ 354 ಹಸುಗೂಸುಗಳ ಮೇಲೆ ಮಾಡಿದ, 2017ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಹೀಗೆ ಮಾಡಿದಾಗ ಐದು ನಿಮಿಷದೊಳಗೆ 31% ಮಕ್ಕಳು ಮೂತ್ರ ಮಾಡಿದರು. ಸುಮ್ಮನೆ ಕಾದಾಗ 12% ಮಾತ್ರ.

ಹಿಡಿದ ಮೂತ್ರ ಒಂದು ಗಂಟೆಯೊಳಗೆ ಲ್ಯಾಬ್ ತಲುಪಬೇಕು. ಆಗದಿದ್ದರೆ ಫ್ರಿಜ್‌ನಲ್ಲಿ ಅಥವಾ ಐಸ್ ಡಬ್ಬಿಯಲ್ಲಿಡಬೇಕು. ಬೇಸಿಗೆಯಲ್ಲಿ ಬಸ್ಸಿನಲ್ಲಿ ಗಂಟೆಗಟ್ಟಲೆ ಹೋದ ಬಾಟಲಿಯಲ್ಲಿ ರೋಗಾಣು ತಾನೇ ಬೆಳೆದು ರಿಪೋರ್ಟ್ ಕೆಡುತ್ತದೆ. ಊರಲ್ಲಿ ಕಲ್ಚರ್ ಮಾಡುವ ಲ್ಯಾಬ್ ಇಲ್ಲದ ಕಡೆ, ಸಂಗ್ರಹ ಕೇಂದ್ರದವರು ಬಾಟಲಿಯನ್ನು ತಣ್ಣಗೆ ಇಟ್ಟು ಕಳಿಸುತ್ತಾರಾ ಎಂದು ಕೇಳುವ ಹಕ್ಕು ಮನೆಯವರಿಗೆ ಇದೆ.

ಮೆಡಿಕಲ್ ಶಾಪಿನ ಕೌಂಟರ್

ಈ ಸರಪಳಿಯ ಮೊದಲ ಕೊಂಡಿ ಔಷಧ ಅಂಗಡಿ. ಚೀಟಿ ಇಲ್ಲದೆ ಕೊಟ್ಟ ಎರಡು ಡೋಸ್ ಸಿರಪ್ ಸಾಕು, ಕಲ್ಚರ್‌ನಲ್ಲಿ ಏನೂ ಬೆಳೆಯದೇ ಹೋಗಬಹುದು. ಸೋಂಕು ಪೂರ್ತಿ ಹೋಗಿರೋದಿಲ್ಲ, ಸಾಕ್ಷಿ ಮಾತ್ರ ಹೋಗಿರುತ್ತದೆ. ಮಕ್ಕಳಿಗೆ ಹೆಚ್ಚಾಗಿ ಕೊಡುವ ಸೆಫಿಕ್ಸಿಮ್ ಸೇರಿದಂತೆ ಹಲವು ಆಂಟಿಬಯೋಟಿಕ್‌ಗಳು 2014ರ ಮಾರ್ಚ್‌ನಿಂದ ಶೆಡ್ಯೂಲ್ ಎಚ್-1 ಪಟ್ಟಿಯಲ್ಲಿವೆ. ವೈದ್ಯರ ಚೀಟಿ ಇಲ್ಲದೆ ಮಾರುವಂತಿಲ್ಲ. ವೈದ್ಯರ ಹೆಸರು, ರೋಗಿಯ ಹೆಸರು, ಔಷಧದ ಪ್ರಮಾಣ ಬೇರೆ ರಿಜಿಸ್ಟರ್‌ನಲ್ಲಿ ಬರೆದು ಮೂರು ವರ್ಷ ಇಡಬೇಕು. ಪರಿಚಯದ ಗಿರಾಕಿ ರಾತ್ರಿ ಒಂಬತ್ತಕ್ಕೆ ಬಂದು "ಏನಾದ್ರೂ ಕೊಡಿ ಅಣ್ಣ" ಅಂದಾಗ ಇಲ್ಲ ಅನ್ನೋದು ಕಷ್ಟ. ಜ್ವರ ಇಳಿಸುವ ಸಿರಪ್ ಕೊಟ್ಟು, "ಆಂಟಿಬಯೋಟಿಕ್‌ಗೆ ಮೊದಲು ಮೂತ್ರ ಟೆಸ್ಟ್ ಮಾಡಿಸಿ" ಅಂತ ಹೇಳಿ ಕಳಿಸಿದರೂ ಆ ಮಗುವಿಗೆ ಅದು ದೊಡ್ಡ ಉಪಕಾರ.

ಕಾಯಬಾರದವರು ಯಾರು?

ಮೂರು ತಿಂಗಳೊಳಗಿನ ಮಗುವಿಗೆ 100.4 ಡಿಗ್ರಿ ಅಥವಾ ಅದಕ್ಕಿಂತ ಹೆಚ್ಚು ಜ್ವರ ಬಂದರೆ ನೇರ ಆಸ್ಪತ್ರೆಗೆ ಹೋಗಬೇಕು. ಗಂಡುಮಗುವಿನ ಮೂತ್ರ ಧಾರೆಯಾಗಿ ಬಾರದೆ ತೊಟ್ಟಿಕ್ಕುತ್ತಿದ್ದರೆ, ಹೊಟ್ಟೆಯಲ್ಲಿ ಗಡ್ಡೆ ಸಿಕ್ಕಿದರೆ, ಔಷಧ ಶುರುವಾಗಿ 48 ಗಂಟೆ ಕಳೆದರೂ ಜ್ವರ ಇಳಿಯದಿದ್ದರೆ ಅಲ್ಟ್ರಾಸೌಂಡ್ ಮುಂದೂಡುವಂತಿಲ್ಲ.

ತಾಯಿ ಕಾರ್ಡ್ ಜೊತೆ ಗರ್ಭಿಣಿಯಾಗಿದ್ದಾಗಿನ ಸ್ಕ್ಯಾನ್ ರಿಪೋರ್ಟ್ ಕೂಡ ತೆಗೆದುಕೊಂಡು ಹೋಗಬೇಕು. ಮಗುವಿನ ಕಿಡ್ನಿ ಊದಿದೆ ಎಂದು ಆಗಲೇ ಬರೆದಿದ್ದರೆ ವೈದ್ಯರ ಲೆಕ್ಕವೇ ಬದಲಾಗುತ್ತದೆ. ಮಲಬದ್ಧತೆ ಇದ್ದರೆ ಅದನ್ನೂ ಹೇಳಬೇಕು, ಮರುಸೋಂಕಿಗೆ ಅದು ದೊಡ್ಡ ಕಾರಣ. ಕಲ್ಚರ್ ರಿಪೋರ್ಟನ್ನು ಲಸಿಕೆ ಕಾರ್ಡಿನ ಜೊತೆಗೇ ಜೋಪಾನ ಮಾಡಬೇಕು. ಆರು ತಿಂಗಳ ನಂತರ ಮತ್ತೆ ಜ್ವರ ಬಂದಾಗ ಮಗುವಿಗೆ ಎಂಸಿಯು ಬೇಕೋ ಬೇಡವೋ ಎಂದು ವೈದ್ಯರು ಹೇಳುವುದು ಆ ಹಾಳೆ ನೋಡಿಯೇ.